ಇಸ್ತ್ರಿ ಹಾಕಿದ ದನಿ

ಸಿನಿಮಾದಲ್ಲಿ ಮರಳುಗಾಡು ಕಂಡಿತು ಅಂದರೆ ಎಲ್ಲೋ ದೂರದಲ್ಲಿ ಒಬ್ಬ ಹೆಂಗಸು ‘ಆ...’ ಎಂದು ಅಳುವ ಹಾಗೆ ಹಾಡಲೇಬೇಕು. ಅವಳಿಗೆ ಮುಖವಿಲ್ಲ, ಮಾತಿಲ್ಲ, ಮನೆಮಠವಿಲ್ಲ. ಅವಳು ಬಾಯಿ ತೆರೆದ ಕೂಡಲೇ ಪಾಪ್‌ಕಾರ್ನ್ ಪೊಟ್ಟಣದೊಳಗಿನ ಕೈಗಳು ನಿಲ್ಲುತ್ತವೆ. ಇನ್ನೇನು ಏನೋ ಸಿಡಿಯುತ್ತದೆ, ಯಾರೋ ಸಾಯುತ್ತಾರೆ ಎಂದು ಮಡಿಲಲ್ಲಿ ಕೂತ ಮಗುವಿಗೂ ಗೊತ್ತು. ಮದುವೆಮನೆಯಲ್ಲಿ, ತೊಟ್ಟಿಲ ಪಕ್ಕದಲ್ಲಿ, ಕೆಲಸದ ಜಾಗದಲ್ಲಿ ತಲೆತಲಾಂತರದಿಂದ ಹಾಡಿಕೊಂಡು ಬಂದ ಸಂಗೀತವೊಂದನ್ನು ಬಾಂಬಿನ ಬತ್ತಿ ಮಾಡಿಟ್ಟವರು ನಾವು; ಸಿನಿಮಾ ತೆಗೆದವರಷ್ಟೇ ಅಲ್ಲ, ಟಿಕೆಟ್ ಕೊಂಡು ಸಿಳ್ಳೆ ಹೊಡೆದವರೂ. ಆ ಬತ್ತಿ ಹೊಸೆದುಕೊಟ್ಟವರಲ್ಲಿ ಒಬ್ಬನ ಕಥೆ ಇದು. ಅವನು ಕೆಟ್ಟವನಲ್ಲ. ಕೆಟ್ಟವನಾಗಿದ್ದರೆ ಬಯ್ದು ಸುಮ್ಮನಾಗಬಹುದಿತ್ತು.

ಸ್ಟುಡಿಯೋಗಳಲ್ಲಿ ಅವನನ್ನು ಎಲ್ಲರೂ ಕರೆಯುತ್ತಿದ್ದದ್ದು ಕಾಲುಸ್ವರ ಎಂದು. ಹೆಸರಿಟ್ಟವರು ಪಿಟೀಲಿನವರು. ಅರಬ್ಬೀ ಸಂಗೀತದ ಕೆಲವು ಸ್ವರಗಳು ಕೀಬೋರ್ಡಿನಲ್ಲಿ ಸಿಗುವುದಿಲ್ಲ. ಬಿಳಿ ಕೀಗೂ ಪಕ್ಕದ ಕಪ್ಪು ಕೀಗೂ ನಡುವಿನ ಸಂದಿಯಲ್ಲಿ, ಗೋಡೆಗೂ ಗಡಿಯಾರಕ್ಕೂ ನಡುವೆ ಹಲ್ಲಿ ಇರುವ ಹಾಗೆ ಇರುತ್ತವೆ. ಇದೆ ಎಂದು ಗೊತ್ತಿದ್ದವರಿಗೆ ಮಾತ್ರ ಕಾಣುತ್ತವೆ. ಇವನು ಚಿತ್ರಸಂಗೀತಕ್ಕೆ ಬಂದ ಹೊಸದರಲ್ಲಿ, ಆ ಸ್ವರಗಳನ್ನು ನುಡಿಸಿ ನುಡಿಸಿ ಎಂದು ಪಿಟೀಲಿನವರ ಬೆನ್ನು ಬಿದ್ದಿದ್ದ.

"ಸ್ವಾಮಿ, ಇಡೀ ಸ್ವರ ನುಡಿಸೋಕೇ ನಮಗೆ ಉಸಿರಾಡೋಕೆ ಬಿಡುವಿಲ್ಲ. ನಿಮ್ಮ ಕಾಲು, ಮುಕ್ಕಾಲು ಎಲ್ಲಿಂದ ತರೋಣ?" ಎಂದು ಅವರು ನಕ್ಕರು. ಹೆಸರು ಅಂಟಿಕೊಂಡಿತು.

ಆ ಸ್ವರ ಅವನಿಗೆ ಬಂದದ್ದು ಅಪ್ಪನಿಂದಲ್ಲ, ಅಕ್ಕನಿಂದ. ಅಪ್ಪ ಮದುವೆಗಳಲ್ಲಿ ಊದ್ ನುಡಿಸುತ್ತಿದ್ದವನು. ಊದ್ ಅಂದರೆ ಹೊಟ್ಟೆ ದಪ್ಪ, ಕುತ್ತಿಗೆ ಗಿಡ್ಡ, ತಲೆ ಹಿಂದಕ್ಕೆ ಮುರಿದುಕೊಂಡ ಹಾಗಿರುವ ತಂತಿವಾದ್ಯ. ಅದರ ಕುತ್ತಿಗೆಯ ಮೇಲೆ ವೀಣೆಗಿರುವಂಥ ಮೆಟ್ಟಿಲುಗಳಿಲ್ಲ. ಬೆರಳು ಎಲ್ಲಿ ಬೇಕಾದರೂ ನಿಲ್ಲಬಹುದು, ಎಲ್ಲಿಂದ ಬೇಕಾದರೂ ಜಾರಬಹುದು. ಅಪ್ಪ ಬೇಗ ಹೋದ. ಅವನ ಹಿಂದೆಯೇ ಅಮ್ಮ. ಉಳಿದದ್ದು ಗೋಡೆಗೆ ತಗುಲಿಹಾಕಿದ ಊದ್, ಮೂಗು ಸೋರುವ ತಮ್ಮ, ಮದುವೆ ವಯಸ್ಸಿಗೆ ಬಂದ ಅಕ್ಕ. ಅಕ್ಕ ಮದುವೆಯಾಗಲಿಲ್ಲ. ಬೀದಿಗೆ ತೆರೆದಿದ್ದ ಮುಂದಿನ ಕೋಣೆಯಲ್ಲಿ ಉದ್ದನೆಯ ಮೇಜು ಹಾಕಿ, ಮೇಲೊಂದು ಹಳೇ ಕಂಬಳಿ ಹಾಸಿ, ಕೆಂಡದ ಇಸ್ತ್ರಿಪೆಟ್ಟಿಗೆ ಹಿಡಿದು ನಿಂತಳು.

ಬೀದಿಯವರ ಅಂಗಿಗಳೆಲ್ಲ ಅವಳ ಕೈ ಕೆಳಗೆ ಹಾದುಹೋದವು. ಪೆಟ್ಟಿಗೆ ಹೋಗಿ ಬರುವ ಲಯಕ್ಕೆ ಅವಳು ಹಾಡುತ್ತಿದ್ದಳು: ತಾಯಿ ಹೇಳಿಕೊಟ್ಟದ್ದು, ನೆರೆಮನೆಯ ಮುದುಕಿಯರಿಂದ ಕದ್ದದ್ದು, ಅಪ್ಪನ ಮದುವೆಪದಗಳು. ತಮ್ಮ ಆ ಮೇಜಿನ ಕೆಳಗೆ, ತನಗಿಂತ ದಪ್ಪಗಿದ್ದ ಊದನ್ನು ತಬ್ಬಿಕೊಂಡು ಕೂತು, ಮೇಲಿನಿಂದ ಬರುವ ಹಾಡನ್ನು ತಂತಿಯ ಮೇಲೆ ಹುಡುಕುತ್ತಿದ್ದ.

"ಮೇಲೆ ಹೋದೆ," ಅನ್ನುವಳು ಅಕ್ಕ, ಪೆಟ್ಟಿಗೆ ನಿಲ್ಲಿಸದೆ. "ಈಗ ಕೆಳಗೆ ಹೋದೆ. ನಡುವೆ ನಿಲ್ಲೋ."

"ನಡುವೆ ಅಂದ್ರೆ ಎಲ್ಲಕ್ಕಾ?"

"ಅದನ್ನ ಬಾಯಲ್ಲಿ ಹೇಳೋಕೆ ಬಂದಿದ್ರೆ ನಾನ್ಯಾಕೆ ಹಾಡ್ತಿದ್ದೆ, ಕತ್ತೆ?"

ಹೇಳಿ ಸಾಕಾದರೆ ಬಗ್ಗಿ, ಮೇಜಿನ ಕೆಳಗೆ ಕೈ ಹಾಕಿ, ಅವನ ಬೆರಳನ್ನು ತನ್ನ ಬೆರಳಿಂದ ಒತ್ತಿ, ಎಳ್ಳಷ್ಟು ಹಿಂದೆ ಎಳೆಯುತ್ತಿದ್ದಳು. ಅಲ್ಲಿ! ತಂತಿ ಮೀಟಿದರೆ ಸ್ವರ ನಗುವುದೂ ಇಲ್ಲ, ಅಳುವುದೂ ಇಲ್ಲ. ಎರಡರ ಹೊಸ್ತಿಲಲ್ಲಿ ನಿಂತು ಒಳಗೆ ಬರಲೇ ಎಂದು ಕೇಳಿದ ಹಾಗಿರುತ್ತಿತ್ತು. ಮತ್ತೆ ತಪ್ಪಿದರೆ ಬಟ್ಟೆಗೆ ಚಿಮುಕಿಸುವ ನೀರಿನಲ್ಲಿ ಬೆರಳದ್ದಿ ಅವನ ಗೆಣ್ಣಿಗೆ ಟಪ್ಪನೆ ಸಿಡಿಸುವಳು. ಅಪ್ಪನ ಊದಿನ ಮೈಮೇಲೆ ಆ ನೀರಹನಿಗಳ ಕಲೆ ಈಗಲೂ ಇದೆ.

ಅವನು ದೊಡ್ಡವನಾಗಿ ಸಿನಿಮಾದವರ ಹಿಂದೆ ಹೋದ. ಹೊಟ್ಟೆಪಾಡಿಗೆ ಮಾತ್ರ ಹೋದ ಎಂದರೆ ಸುಳ್ಳಾಗುತ್ತದೆ. ಅಕ್ಕನ ಮೇಜಿನ ಕೆಳಗೆ ಕಲಿತದ್ದನ್ನು ಊರಿಗೆಲ್ಲ ಕೇಳಿಸಬೇಕು ಎಂಬ ಆಸೆಯಿತ್ತು. ದೊಡ್ಡ ವಾದ್ಯಮೇಳದ ನಡುವೆ ಆ ಸಂಗೀತದವರು ಮಕಾಮ್ ಎಂದು ಕರೆಯುವ ರಾಗಗಳನ್ನು ಕೂರಿಸಬೇಕು ಎಂಬ ಹುಚ್ಚಿತ್ತು. ಮೊದಲ ಚಿತ್ರಕ್ಕೆ ಹಾಗೇ ಮಾಡಿದ. ಹಿಂದಿರುಗಿ ಬರುವ ಸೈನಿಕನೊಬ್ಬ ಮನೆಯ ಬಾಗಿಲು ತಟ್ಟುವ ದೃಶ್ಯ. ಊದ್ ಆ ನಡುವಿನ ಸ್ವರ ಹಿಡಿದು ನಿಲ್ಲುತ್ತದೆ.

ನಿರ್ದೇಶಕ ಕೈಯೆತ್ತಿ ನಿಲ್ಲಿಸಿದ. "ಯಾರೋ ಅಪಸ್ವರ ನುಡಿಸ್ತಿದಾರೆ."

"ಅಪಸ್ವರ ಅಲ್ಲ ಸಾರ್. ಅದು ಹಾಗೇ ಇರೋದು."

"ಹಾಗೇ ಇರೋದಾದ್ರೆ ಮ್ಯೂಸಿಯಮ್‌ನಲ್ಲಿ ಇಡಿ. ನನ್ನ ಸಿನಿಮಾದಲ್ಲಿ ಬೇಡ."

ಇವನು ಜಗಳವಾಡಬಹುದಿತ್ತು. ಆಡಲಿಲ್ಲ. ಬೆರಳನ್ನು ಎಳ್ಳಷ್ಟು ಮುಂದೆ ಸರಿಸಿದ. ಸ್ವರ ಬಿಳಿ ಕೀ ಮೇಲೆ ಹೋಗಿ ಒಳ್ಳೇ ಹುಡುಗನ ಹಾಗೆ ಕೈಕಟ್ಟಿ ನಿಂತಿತು. ಎಲ್ಲರಿಗೂ ಖುಷಿಯಾಯಿತು.

ಆಮೇಲೆ ಕಂಪ್ಯೂಟರ್ ಬಂತು. ಹಾಡಿದ್ದನ್ನೋ ನುಡಿಸಿದ್ದನ್ನೋ ಅದರೊಳಗೆ ಹಾಕಿದರೆ, ಡೊಂಕಾದ ಸ್ವರಗಳನ್ನೆಲ್ಲ ಹತ್ತಿರದ ಕೀಗೆ ಎಳೆದು ಕೂರಿಸುತ್ತದೆ. ಸಿನಿಮಾದ ಸದ್ದುಗಳನ್ನೆಲ್ಲ ಒಟ್ಟು ಸೇರಿಸುವ ಮಿಕ್ಸಿಂಗ್ ಥಿಯೇಟರಿನಲ್ಲಿ ಇವನ ಜೊತೆ ವರ್ಷಗಟ್ಟಲೆ ಕೆಲಸ ಮಾಡಿದ ಸೌಂಡಿನವನೊಬ್ಬನಿದ್ದ. ಬಲು ಪ್ರಾಮಾಣಿಕ, ಹೇಳಿದ ಕೆಲಸ ಮರೆಯದವನು. ಅವನಿಗೆ ಇವನು ಆ ಯಂತ್ರದ ಕೆಲಸಕ್ಕೊಂದು ಹೆಸರು ಹೇಳಿಕೊಟ್ಟ: "ಇಸ್ತ್ರಿ ಹಾಕೋದು." ನಗುತ್ತಲೇ ಹೇಳಿದ್ದ, ನಮ್ಮ ಮನೆತನದ ಕಸುಬು ಕಣಯ್ಯ ಅಂದಿದ್ದ. ಆವತ್ತಿಂದ ಇವನ ಊದ್, ಇವನು ಕರೆತಂದ ಹಾಡುಗಾರರು, ಕೊಳಲಿನವರು, ಎಲ್ಲರಿಗೂ ಇಸ್ತ್ರಿ.

ಒಮ್ಮೆ ಮಾತ್ರ ಎಡವಟ್ಟಾಯಿತು. ಇಸ್ತ್ರಿಯಾಗದೆ ಸುಕ್ಕು ಉಳಿದಿದ್ದ ಹಳೆಯ ರೆಕಾರ್ಡಿಂಗೊಂದು ಅದಲುಬದಲಾಗಿ ಚಿತ್ರದೊಳಗೆ ಸೇರಿಕೊಂಡು, ಖಾಸಗಿ ಪ್ರದರ್ಶನದಲ್ಲಿ ದೊಡ್ಡ ಪರದೆಯ ಮೇಲೆ ಬಂದುಬಿಟ್ಟಿತು. ನಿರ್ಮಾಪಕ ಕುರ್ಚಿಯಲ್ಲಿ ಹೊರಳಿ, "ಏನ್ ಮೇಷ್ಟ್ರೇ, ನಿಮ್ಮ ವಾದ್ಯಕ್ಕೆ ನೆಗಡಿ ಆಗಿದೆಯಾ?" ಅಂದ. ಕತ್ತಲಲ್ಲಿ ಇಡೀ ಸಭಾಂಗಣ ನಕ್ಕಿತು. ಇವನೂ ನಕ್ಕ. ಎಲ್ಲರಿಗಿಂತ ಜೋರಾಗಿ ನಕ್ಕ. ಹೊರಗೆ ಬಂದವನೇ ಸೌಂಡಿನವನಿಗೆ ಕಟ್ಟಪ್ಪಣೆ ಮಾಡಿದ: "ಇನ್ನು ಮೇಲೆ ನನ್ನ ಕಡೆಯಿಂದ ಬಂದದ್ದಕ್ಕೆಲ್ಲ ಕೇಳದೇ ಇಸ್ತ್ರಿ ಹಾಕು. ಹಾಕಿದ ಮೇಲೆ ಸುಕ್ಕಿಂದು ಇಟ್ಕೋಬೇಡ. ಅಳಿಸಿಬಿಡು. ಇದ್ರೆ ತಾನೆ ಅದಲುಬದಲು ಆಗೋದು?"

ಪತ್ರಿಕೆಗಳು ಅವನ ಸಂಗೀತವನ್ನು ಎರಡು ಲೋಕಗಳ ಸಂಗಮ ಎಂದು ಹೊಗಳಿದವು. ಸಂಗಮ ಅಂದರೆ ಎರಡು ನದಿ ಸೇರುವುದು. ಒಂದು ನದಿಯನ್ನು ಸೋಸಿ, ಬಾಟಲಿಗೆ ತುಂಬಿ, ಇನ್ನೊಂದಕ್ಕೆ ಪರಿಮಳಕ್ಕೆಂದು ನಾಲ್ಕು ಹನಿ ಬಿಡುವುದಕ್ಕೆ ಬೇರೆ ಹೆಸರಿದೆ. ಬರೆಯುವವರಿಗೆ ಕಿವಿಯಿಲ್ಲ, ಕೇಳುವವರಿಗೆ ಪುರಸೊತ್ತಿಲ್ಲ.

ಅಕ್ಕ ಅವನ ಒಂದೇ ಒಂದು ಸಿನಿಮಾ ನೋಡಿದಳು. ಮನೆಗೆ ಬಂದು ಚಪ್ಪಲಿ ಬಿಡುವ ಮೊದಲೇ ಶುರುಮಾಡಿದಳು: "ನಮ್ಮಪ್ಪ ಮದುವೇಲಿ ನುಡಿಸ್ತಿದ್ದ ಪದ ಕೇಳ್ಕೊಂಡು ಒಬ್ಬ ಇನ್ನೊಬ್ಬನ ತಲೆ ಕಡೀತಾನಲ್ಲೋ! ಅಪ್ಪ ಇದ್ದಿದ್ರೆ ಊದ್ ತಗೊಂಡು ನಿನ್ನ ತಲೆಗೇ ಬಿಡ್ತಿದ್ದ."

"ಕತೆಗೆ ಬೇಕಾಗಿತ್ತಕ್ಕ."

"ಕತೆ ನಿಂದಲ್ಲ, ಪದ ನಮ್ಮದು. ಹೋಗ್ಲಿ ಬಿಡು, ಅನ್ನ ತಿನ್ನು."

ಅವಳು ಹಾಡುತ್ತಲೇ ಇದ್ದಳು, ಮೇಜಿನ ಹಿಂದೆ ನಿಂತು, ಕೆಂಡ ಹೋಗಿ ಕರೆಂಟಿನ ಪೆಟ್ಟಿಗೆ ಬಂದ ಮೇಲೂ. ರೆಕಾರ್ಡ್ ಮಾಡಲು ಮಾತ್ರ ಬಿಡುತ್ತಿರಲಿಲ್ಲ. "ದನಿ ಎದುರಿಗೆ ಕೂತೋರಿಗೆ, ಪೆಟ್ಟಿಗೆಗಲ್ಲ" ಅನ್ನುವಳು. ಯಾವುದೋ ಮದುವೆಯಲ್ಲಿ ಯಾರೋ ಕದ್ದು ಹಿಡಿದ ಒಂದು ಕ್ಯಾಸೆಟ್ ಇತ್ತು. ಅದಕ್ಕೆ ಬೂಷ್ಟು ಬಂದು, ಕೇಳಿದರೆ ಹೊಳೆಯಾಚೆ ಯಾರೋ ಬಟ್ಟೆ ಒಗೆದ ಹಾಗಿತ್ತು.

ಆಮೇಲೆ ಅವಳ ಗಂಟಲು ಕಟ್ಟಿತು. ಬಿಡಲೇ ಇಲ್ಲ. ವೈದ್ಯರು ಕೊಳವೆ ಇಳಿಸಿ ನೋಡಿ, ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕು, ಇಲ್ಲದಿದ್ದರೆ ಜೀವ ಉಳಿಯುವುದಿಲ್ಲ ಅಂದರು. ತಮ್ಮ ಆಸ್ಪತ್ರೆಯ ಬೆಂಚಿನ ಮೇಲೆ ಕುಸಿದ. ಅಕ್ಕ ಅವನ ಪಕ್ಕ ಕೂತಳು. ಆಮೇಲೆ ಒಡೆದ ದನಿಯಲ್ಲಿ ಅಂದಳು: "ಊರೋರ ಇಸ್ತ್ರಿ ಮಾಡಿ ಮಾಡಿ ನಾನೇ ಸೀದುಹೋದೆ ನೋಡು. ಏಳು. ಅವರು ತೆಗೆಯೋ ಮುಂಚೆ ನೀನು ತಕ್ಕೋ."

"ಏನು ತಕ್ಕೊಳ್ಳಲಿ?"

"ದನಿ ಕಣೋ. ನಿನ್ನ ಸಿನಿಮಾಕ್ಕೆ. ಎಷ್ಟು ವರ್ಷದಿಂದ ನೀನು ಕೇಳ್ತಿದ್ದೆ? ಈಗ ಕೊಡ್ತೀನಿ. ಒಂದೇ ಮಾತು. ನಿಮ್ಮ ಸಿನಿಮಾದಲ್ಲಿ ನಮ್ಮ ಹಾಡು ಬಂದ್ರೆ ಯಾರಾದ್ರೂ ಸಾಯ್ತಾರೆ. ನಂದನ್ನ ಯಾರೂ ಸಾಯದೇ ಇರೋ ಕಡೆ ಹಾಕು."

"ತಾಯಿ ಮಗೂನ ಮಲಗಿಸೋ ಸೀನಿದೆ ಅಕ್ಕ."

"ಮಗು ಆಮೇಲೆ ಎದ್ದೇಳತ್ತಾ?"

"ಏಳತ್ತೆ."

"ಹಾಗಾದ್ರೆ ಸರಿ."

ಅಕ್ಕ, ಅವನು, ಅವನ ಹೆಂಡತಿ ಇದ್ದದ್ದು ಆ ಹಳೇ ಮನೆಯಲ್ಲೇ; ಹಿಂದಿನ ಕೋಣೆಯಲ್ಲಿ ಅವನ ರೆಕಾರ್ಡಿಂಗ್ ಸಾಮಾನಿತ್ತು. ಪಕ್ಕದಲ್ಲಿ ವೆಲ್ಡಿಂಗ್ ಅಂಗಡಿ. ಹಗಲೆಲ್ಲ ಕಬ್ಬಿಣದ ಕಿರಿಕಿರಿ. ಅಕ್ಕನ ಗಂಟಲು ಒಂದೇ ಒಂದು ಸಲಕ್ಕೆ ಒದಗಬಹುದು, ಎರಡನೇ ಸಲದ ಮಾತಿಲ್ಲ. ಹೀಗಾಗಿ ಮಿಕ್ಸಿಂಗ್ ಥಿಯೇಟರಿಗೇ ಕರೆದುಕೊಂಡು ಹೋದ. ಗಾಜಿನ ಈಚೆ ಸೌಂಡಿನವನು, ಈ ಸಿನಿಮಾದ ನಿರ್ದೇಶಕ, ಇವನು. ಆಚೆ ಅಕ್ಕ, ಒಂದು ಸ್ಟೂಲು, ಒಂದು ಮೈಕು. ಅಕ್ಕನಿಗೆ ಕೈ ಸುಮ್ಮನಿಟ್ಟುಕೊಂಡು ಹಾಡಿ ಗೊತ್ತಿಲ್ಲ. ಎದುರಿಗಿದ್ದ ನೋಟ್ಸ್ ಸ್ಟ್ಯಾಂಡಿನ ಮೇಲೆ ಕೈಯನ್ನು ಅತ್ತ ಇತ್ತ ಆಡಿಸುತ್ತ ಶುರುಮಾಡಿದಳು.

ಅದು ಅವನಿಗೆ ಜ್ವರ ಬಂದಾಗ ಹಾಡುತ್ತಿದ್ದ ಲಾಲಿ. ಒಡಕು ದನಿ ಮೊದಲು ಎರಡು ಹೆಜ್ಜೆ ಕುಂಟಿತು. ಮೂರನೆಯ ಸ್ವರಕ್ಕೆ ಬಂದು, ಆ ನಡುವಿನ ಜಾಗದಲ್ಲಿ, ನಿಂತಿತು. ಯಾರೂ ಒತ್ತಾಯಿಸದೆ, ಯಾರನ್ನೂ ಮೆಚ್ಚಿಸದೆ ನಿಂತಿತು. ಇವನು ಗಾಜಿಗೆ ಹಣೆ ಹಚ್ಚಿ ಅಳುತ್ತಿದ್ದ. ಹಾಡು ಮುಗಿಯುವ ಮೊದಲೇ ಕೆಮ್ಮು ಬಂತು. ಬಾಯಿಗೆ ಬಟ್ಟೆ ಹಿಡಿದುಕೊಂಡೇ ಹೊರಗೆ ಬಂದಳು.

"ಹಿಡ್ಕೊಂಡಿಯಾ?"

"ಹಿಡ್ಕೊಂಡೆ ಅಕ್ಕ."

"ಬಿಡಬೇಡ."

ಬಟ್ಟೆಯಲ್ಲಿ ರಕ್ತವಿತ್ತು. ಅವನು ಅವಳನ್ನು ತೋಳಿನಿಂದ ಬಳಸಿಕೊಂಡು ನೇರ ಆಸ್ಪತ್ರೆಗೆ ಓಡಿದ. ಸೌಂಡಿನವನಿಗೆ ಒಂದು ಮಾತು ಹೇಳಬೇಕಿತ್ತು. ಆದರೆ ಮನೆ ಬಿಡುವಾಗ ದೀಪ ಆರಿಸುವುದನ್ನು ಯಾರು ನೆನಪಿಟ್ಟುಕೊಂಡು ಮಾಡುತ್ತಾರೆ? ಇಸ್ತ್ರಿ ಅನ್ನುವುದು ಅವನಿಗೆ ಅಷ್ಟು ರೂಢಿಯಾಗಿಹೋಗಿತ್ತು. ಅದು ಅಲ್ಲಿದೆ ಎಂಬುದೇ ಮರೆತಿತ್ತು.

ಶಸ್ತ್ರಚಿಕಿತ್ಸೆ ಆಯಿತು. ಜೀವ ಉಳಿಯಿತು. ಕುತ್ತಿಗೆಯ ಬುಡದಲ್ಲಿ ಉಸಿರಾಡಲು ಒಂದು ತೂತು, ಅದರ ಮೇಲೆ ಬಿಳೀ ಬಟ್ಟೆ. ಎಚ್ಚರವಾದ ಮೇಲೆ ಅಕ್ಕ ಮೊದಲು ಮಾಡಿದ ಸನ್ನೆ ನೀರಿಗಲ್ಲ. ಅವನ ಕಡೆ ನೋಡಿ ಕಿವಿ ಮುಟ್ಟಿಕೊಂಡಳು. ಹಾಡು ಎಲ್ಲಿ?

"ಮನೆಗೆ ಬಾ ಅಕ್ಕ. ಬಂದ ತಕ್ಷಣ ಕೇಳಿಸ್ತೀನಿ."

ಅವಳನ್ನು ಮನೆಗೆ ಕಳಿಸುವ ದಿನ ಹತ್ತಿರವಾದಾಗ ಹಾಡು ತರಲೆಂದು ಥಿಯೇಟರಿಗೆ ಹೋದ. ಸೌಂಡಿನವನು ಬಾಗಿಲಲ್ಲೇ ಕೈ ಹಿಡಿದುಕೊಂಡು ಅಕ್ಕನನ್ನು ವಿಚಾರಿಸಿದ. ಕುರ್ಚಿ ಎಳೆದು ಕೂರಿಸಿ, ಚಹಾ ತರಿಸಿ, "ಕೇಳಿ ಅಣ್ಣ, ಮನಸ್ಸಿಟ್ಟು ಮಾಡಿದೀನಿ" ಎಂದು ಗುಂಡಿ ಒತ್ತಿದ.

ಸ್ಪೀಕರಿನಿಂದ ಒಬ್ಬ ಹೆಂಗಸು ಹಾಡಿದಳು. ನುಣುಪಾಗಿ, ತೊಳೆದಿಟ್ಟ ಹಾಗೆ. ಒಂದೊಂದು ಸ್ವರವೂ ಕೀ ಮೇಲೆ ಕೈಕಟ್ಟಿ ನಿಂತಿತ್ತು. ಮೂರನೆಯದು ಬಂತು. ಹೊಸ್ತಿಲಲ್ಲಿ ನಿಲ್ಲಲಿಲ್ಲ. ಸೀದಾ ಒಳಗೆ ಬಂದು ಸೋಫಾದ ಮೇಲೆ ಕೂತಿತು.

"ಇದೇನಿದು?"

"ಅಕ್ಕಂದೇ. ಸುಕ್ಕು ಬಹಳ ಇತ್ತು ಅಣ್ಣ, ಪಾಪ, ಕಾಯಿಲೆ. ಒಂದೊಂದಾಗಿ ಇಸ್ತ್ರಿ ಹಾಕಿದೆ. ಕೆಮ್ಮೂ ತೆಗೆದೆ."

"ಹಾಡಿದ್ದೆಲ್ಲಿ? ಅವಳು ಹಾಡಿದ್ದು?"

"ಇದೇ ಅಲ್ವಾ?"

"ಇದಲ್ಲವೋ! ಸುಕ್ಕಿದ್ದದ್ದು! ಸುಕ್ಕಿದ್ದದ್ದೆಲ್ಲಿ?"

ಸೌಂಡಿನವನ ಮುಖ ನಿಧಾನವಾಗಿ ಬಿಳಚಿಕೊಂಡಿತು. "ನೀವೇ ಹೇಳಿದ್ರಲ್ಲ ಅಣ್ಣ... ಇಟ್ಕೋಬೇಡ ಅಂತ. ಅವತ್ತಿಂದ ಇವತ್ತಿನವರೆಗೂ ಒಂದು ಸಲವೂ ನಾನು ಮರೆತಿಲ್ಲ."

ಅವನು ಮರೆತಿದ್ದರೆ! ಒಮ್ಮೆ, ಒಂದೇ ಒಮ್ಮೆ ಸೋಮಾರಿತನ ಮಾಡಿದ್ದರೆ! ಲೋಕದಲ್ಲಿ ಎಂತೆಂಥ ಕೆಲಸಗಳ್ಳರಿದ್ದಾರೆ, ಇವನ ಪಾಲಿಗೆ ನಿಯತ್ತಿನ ಮನುಷ್ಯನೇ ಸಿಗಬೇಕೆ? ಕಾಲುಸ್ವರ ಅವನ ಕಾಲರ್ ಹಿಡಿದ. ಹಿಡಿದ ಕೈಗೆ ಗೊತ್ತಾಯಿತು, ಹಿಡಿಯಬೇಕಾದ ಕುತ್ತಿಗೆ ಇದಲ್ಲ. ಬಿಟ್ಟ. ಇಬ್ಬರೂ ಕಂಪ್ಯೂಟರಿನ ಮುಂದೆ ಬಗ್ಗಿ ಕೂತು ಅಳಿಸಿದ್ದನ್ನು ಅಗೆಯತೊಡಗಿದರು. ಸೌಂಡಿನವನು ತನಗೆ ಗೊತ್ತಿದ್ದ ಎಲ್ಲ ವಿದ್ಯೆ ಖರ್ಚು ಮಾಡಿದ. ಕೊನೆಗೆ ಆ ಜಾಗ ಸಿಕ್ಕಿತು. ಅದರ ಮೇಲೆ ಬೇರೇನೋ ಬರೆದಾಗಿತ್ತು.

"ಏನದು?"

"ಗುಂಡಿನ ಸದ್ದು ಅಣ್ಣ. ಕ್ಲೈಮ್ಯಾಕ್ಸಿನದು," ಎಂದು ಸೌಂಡಿನವನು ತಲೆ ತಗ್ಗಿಸಿದ. "ಮಧ್ಯೆ ಕಾರಿನ ಬಾಗಿಲು."

ಮಾಡಿದ್ದುಣ್ಣೋ ಮಹರಾಯ ಎಂಬ ಗಾದೆಯನ್ನು ಇಂಥ ಹೊತ್ತಿಗೆ ಅಂಗೈಯಲ್ಲಿಟ್ಟುಕೊಂಡು ಓಡಿಬರುವ ಜನರಿದ್ದಾರೆ. ಅವರನ್ನು ಕಂಡರೆ ಮೈಯುರಿಯುತ್ತದೆ. ಇವನು ಮಾಡಿದ್ದನ್ನು ಉಣ್ಣಬೇಕಾಗಿ ಬಂದದ್ದು ಇವನೊಬ್ಬನಿಗೇ ಆಗಿದ್ದರೆ ಗಾದೆ ಸರಿ. ಎಲೆ ಹಾಕಿದ್ದು ಅಕ್ಕನ ಮುಂದೆ.

ನಿರ್ದೇಶಕ ಆವತ್ತು ಗಾಜಿನ ಈಚೆ ನಿಂತು ಫೋನಿನಲ್ಲಿ ವಿಡಿಯೋ ಮಾಡಿಕೊಂಡಿದ್ದು ಇವನಿಗೆ ನೆನಪಾಯಿತು. ಎದ್ದುಬಿದ್ದು ಓಡಿದ. ನಿರ್ದೇಶಕ ಇವನಿಗಿಂತ ತುಂಬಾ ಚಿಕ್ಕವನು, ಮರ್ಯಾದೆಗೇನೂ ಕಡಿಮೆಯಿಲ್ಲ. ಎದ್ದು ನಿಂತು ಸ್ವಾಗತಿಸಿದ.

"ಬನ್ನಿ ಮೇಷ್ಟ್ರೇ! ನಾನೇ ಫೋನ್ ಮಾಡೋನಿದ್ದೆ. ತಾಯಿ ಸೀನ್ ಉದ್ದ ಆಯ್ತು ಅಂತ ತೆಗೆದುಬಿಟ್ಟೆ. ಆದರೆ ಅಕ್ಕನ ವಾಯ್ಸ್ ಬಿಡೋಕಾಗುತ್ತಾ? ಬ್ಲಾಸ್ಟ್‌ಗೆ ಮುಂಚೆ ಹಾಕಿದೀನಿ. ಮಾರ್ಕೆಟ್ಟಲ್ಲಿ ಜನ ಓಡಾಡ್ತಿರ್ತಾರೆ, ಸೈಲೆನ್ಸ್, ಅಕ್ಕ ‘ಆ...’ ಅಂತಾರೆ, ಢಂ! ಏನ್ ಕೂತಿದೆ ಗೊತ್ತಾ!"

ಅದಕ್ಕೆ ಜಗಳ ಆಮೇಲೆ, ಮೊದಲು ದನಿ ಎಂದು ಇವನು ಮನಸ್ಸಿಗೆ ಹೇಳಿಕೊಂಡ. "ಸಾರ್, ಅವತ್ತು ವಿಡಿಯೋ ಮಾಡಿದ್ರಲ್ಲ. ಅದು ಬೇಕಿತ್ತು."

ನಿರ್ದೇಶಕ ಹುಡುಕಿ ತೆಗೆದುಕೊಟ್ಟ. ಗಾಜಿನಾಚೆ ಅಕ್ಕ. ಬಾಯಿ ಆಡುತ್ತಿದೆ. ಕೈ ಅತ್ತ ಇತ್ತ ಆಡುತ್ತಿದೆ. ಕೇಳಿಸುತ್ತಿರುವುದು ಮಾತ್ರ ಫೋನು ಹಿಡಿದವನ ದನಿ: "ಅಬ್ಬಬ್ಬಾ... ನೋಡಿ, ಕೂದಲು ನಿಂತಿದೆ, ಕೈ ನೋಡಿ ನನ್ನದು... ಏನ್ ದನಿ ಗುರುವೇ!" ಆಮೇಲೆ ಚಹಾ ಹೀರಿದ ಸದ್ದು. ಆ ಹೊಗಳಿಕೆಯ ಅಡಿಯಲ್ಲಿ, ಬಹಳ ಕೆಳಗೆ, ಏನೋ ಇತ್ತು. ನೆಲಮಾಳಿಗೆಯಲ್ಲಿ ಯಾರೋ ಕರೆದ ಹಾಗೆ. ಸ್ವರ ಎನ್ನಲು ಬರುವಷ್ಟಿರಲಿಲ್ಲ. ಕಲೆಯನ್ನು ಮೆಚ್ಚುವ ಭರದಲ್ಲಿ ಕಲೆಯೇ ಕೇಳಿಸದ ಹಾಗೆ ಬಾಯಿ ಮಾಡುವವರನ್ನು ನೀವೂ ನೋಡಿದ್ದೀರಿ. ನಾಲ್ಕು ಜನ ಸೇರಿದ ಕಡೆಯೆಲ್ಲ ಅವರೇ ಅಧ್ಯಕ್ಷರು.

"ಸಾರ್, ಅದನ್ನ ಬ್ಲಾಸ್ಟ್‌ನಿಂದ ತೆಗೀರಿ. ದಮ್ಮಯ್ಯ. ಮಾತು ಕೊಟ್ಟಿದೀನಿ."

"ಮೇಷ್ಟ್ರೇ, ಸಿನಿಮಾ ಪ್ರಿಂಟಿಗೆ ಹೋಗಾಯ್ತು," ಎಂದ ನಿರ್ದೇಶಕ, ನಿಜವಾಗಿಯೂ ಬೇಸರದಿಂದ. "ಅಲ್ಲದೆ ನಿಮ್ಮ ಟ್ರೇಡ್‌ಮಾರ್ಕೇ ಅದು ತಾನೆ?"

ಉಳಿದದ್ದು ಒಂದೇ ದಾರಿ. ಎಳೆದು ಕೂರಿಸಿದ್ದನ್ನು ಮತ್ತೆ ಎಳೆದು ಎಬ್ಬಿಸುವುದು. ಅವನು ಆ ಇಸ್ತ್ರಿಯಾದ ಹಾಡನ್ನೇ ಮನೆಗೆ ತಂದು, ಹಿಂದಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು, ಕಂಪ್ಯೂಟರಿನಲ್ಲಿ ಒಂದೊಂದು ಸ್ವರವನ್ನೂ ಮೌಸಿನಿಂದ ಹಿಡಿದು ಕೆಳಗೆ ಎಳೆಯುತ್ತ ಕೂತ. ಸ್ವಲ್ಪ ಎಳೆದ, ಕೇಳಿದ, ಅಲ್ಲ. ಇನ್ನೂ ಸ್ವಲ್ಪ; ಅಲ್ಲ. ಇಸ್ತ್ರಿ ಮಾಡಿದ ಅಂಗಿಯನ್ನು ಮುದುರಿ ಎಸೆದರೆ ಮೊದಲಿದ್ದ ಸುಕ್ಕೇ ಮೂಡುತ್ತದೆಯೇ? ಉಟ್ಟವನ ಮೈಯ ಸುಕ್ಕು ಬೇರೆ, ಮುದುರಿದವನ ಮುಷ್ಟಿಯ ಸುಕ್ಕು ಬೇರೆ. ಗೋಡೆಯಾಚೆ ವೆಲ್ಡಿಂಗಿನವನು ಕಬ್ಬಿಣ ಕೊರೆಯುತ್ತಿದ್ದ. ಇವನ ಹೆಂಡತಿ ಊಟದ ತಟ್ಟೆ ಇಟ್ಟು, ತೆಗೆದುಕೊಂಡು ಹೋಗಿ, ಮತ್ತೆ ತಂದಿಟ್ಟಳು.

"ಎಲ್ಲಿದೆ ಅಂತ ನಿಮಗೆ ಗೊತ್ತಿಲ್ವಾ?" ಎಂದು ಕೇಳಿದಳು ಒಮ್ಮೆ, ಮೆತ್ತಗೆ. "ಚಿಕ್ಕಂದಿನಿಂದ ಕೇಳಿದೀರಲ್ಲ."

ಅವನ ಕೈ ಮೌಸಿನ ಮೇಲೆ ನಿಂತುಹೋಯಿತು. ಗೊತ್ತಿತ್ತು. ಗೊತ್ತಿದೆ ಎಂದುಕೊಂಡೇ ಇಷ್ಟು ವರ್ಷ ಕಳೆದಿದ್ದ. ಹೊರಗೆ ನೆಟ್ಟಗೆ ಮಾಡಿ ಮಾರುತ್ತಿದ್ದರೂ ಒಳಗೆ ಅಸಲಿ ಮಾಲು ಭದ್ರವಾಗಿದೆ, ಬೇಕಾದಾಗ ತೆಗೆದರಾಯಿತು ಎಂದು. ಈಗ ಕಣ್ಣು ಮುಚ್ಚಿ ಆ ಸ್ವರವನ್ನು ನೆನೆಸಿಕೊಂಡ. ನೆನಪಿನಲ್ಲಿ ಅಕ್ಕ ಹಾಡಿದಳು. ಬಿಳಿ ಕೀ ಮೇಲೆ ಹಾಡಿದಳು.

"ಅವರಿಗೆ ಕೇಳಿಸಬೇಡಿ," ಎಂದಳು ಹೆಂಡತಿ. "ಯಂತ್ರ ಕೆಟ್ಟುಹೋಯ್ತು ಅಂತ ಹೇಳಿ. ಒಂದು ಸುಳ್ಳಿಗೆ ಯಾರೂ ಸಾಯಲ್ಲ."

ಹಾಗೇ ಮಾಡಬೇಕೆಂದು ನಿರ್ಧರಿಸಿದ. ಅಕ್ಕ ಮನೆಗೆ ಬಂದ ಮಧ್ಯಾಹ್ನ ಬ್ಯಾಗು ಇಳಿಸಿ, ಅವಳನ್ನು ಮುಂದಿನ ಕೋಣೆಯಲ್ಲಿ, ಮೇಜಿನ ಪಕ್ಕದ ಕುರ್ಚಿಯಲ್ಲಿ ಕೂರಿಸಿದ. ಕಂಬಳಿಯ ಮೇಲೆ ಧೂಳು ಕೂತಿತ್ತು. ಅಕ್ಕ ಕೈಯಿಂದ ಅದನ್ನು ಕೊಡವಿ, ಅವನ ಕಡೆ ತಿರುಗಿ ಕಿವಿ ಮುಟ್ಟಿಕೊಂಡಳು.

"ಅಕ್ಕ, ಆ ಯಂತ್ರ ಇದೆಯಲ್ಲ..."

ಅಕ್ಕ ಕಾದಳು. ಇವನು ಜ್ವರ ಬಂದಿಲ್ಲದೆ ಜ್ವರ ಎಂದು ಶಾಲೆ ತಪ್ಪಿಸುತ್ತಿದ್ದಾಗ ನೋಡುತ್ತಿದ್ದ ಹಾಗೇ ನೋಡುತ್ತ ಕಾದಳು. ಇವನು ಸುಳ್ಳನ್ನು ಅರ್ಧಕ್ಕೇ ಬಿಟ್ಟ. ಹೆಡ್‌ಫೋನ್ ತಂದು ಅವಳ ತಲೆಗೆ ಹಾಕಿ, ಆ ಇಸ್ತ್ರಿಯಾದ ಹಾಡಿನ ಗುಂಡಿ ಒತ್ತಿ, ನೆಲ ನೋಡುತ್ತ ನಿಂತ.

ಮೊದಲು ಅವಳ ಮುಖ ಅರಳಿತು. ಆಮೇಲೆ ಆ ಅರಳಿದ್ದು ಹಾಗೇ ನಿಂತಿತು, ಯಾರದೋ ಮನೆಗೆ ತಪ್ಪಿ ಹೊಕ್ಕವರ ನಗುವಿನ ಹಾಗೆ. ಕೊನೆಯವರೆಗೂ ಕೇಳಿದಳು. ಹೆಡ್‌ಫೋನ್ ತೆಗೆದು, ತುಟಿಯಾಡಿಸಿದಳು. ಸದ್ದಿಲ್ಲ, ಬಿಳೀ ಬಟ್ಟೆಯ ಹಿಂದೆ ಗಾಳಿ ಮಾತ್ರ ಸಿಳ್ಳೆಯಾಡಿತು. ಆದರೆ ತುಟಿ ಹೇಳಿದ್ದು ಸ್ಪಷ್ಟವಾಗಿತ್ತು.

ಯಾರಿದು?

"ನೀನೇ ಅಕ್ಕ."

ಅಲ್ಲ ಎಂದು ತಲೆಯಾಡಿಸಿದಳು. ಸಿಟ್ಟಿರಲಿಲ್ಲ. ಗಿರಾಕಿ ಬೇರೆಯವರ ಅಂಗಿ ತೋರಿಸಿ ನನ್ನದು ಅಂದರೆ ಹೇಗೆ ಅಲ್ಲ ಅನ್ನುವಳೋ ಹಾಗೆ. ಮತ್ತೆ ಹಾಕು ಎಂದು ಸನ್ನೆ ಮಾಡಿದಳು. ಮತ್ತೆ ಕೇಳಿದಳು. ಈ ಸಲ ಅರ್ಧದಲ್ಲೇ ಅವಳ ಬಲಗೈ ಕಂಬಳಿಯ ಮೇಲೆ ಬಂತು. ಮುಷ್ಟಿ ಕಟ್ಟಿ, ಭಾರವಾದುದೇನನ್ನೋ ಹಿಡಿದ ಹಾಗೆ, ಅತ್ತ ಹೋಯಿತು. ಇತ್ತ ಬಂತು. ಅತ್ತ ಹೋಯಿತು. ಇತ್ತ ಬಂತು. ಅವನ ಮುಖ ನೋಡಿ ಹುಬ್ಬೆತ್ತಿದಳು: ಇದನ್ನೇ ತಾನೆ ಮಾಡಿದ್ದು?

ಸ್ಟುಡಿಯೋದಲ್ಲಿ ಅವನಿಟ್ಟ ಆ ಹೆಸರು ಅವಳ ಕಿವಿಗೆ ಎಂದೂ ಬಿದ್ದಿರಲಿಲ್ಲ.

ಅವನು ಎಲ್ಲ ಹೇಳಿದ. ಅಪ್ಪಣೆ ಕೊಟ್ಟದ್ದು, ಅಳಿಸಿದ್ದು, ಗುಂಡಿನ ಸದ್ದು, ಬ್ಲಾಸ್ಟ್. ಮಗು ಏಳುವುದಿಲ್ಲ ಅಕ್ಕ, ಮಗುವೇ ಇಲ್ಲ ಎಂದೂ ಹೇಳಿದ. ಅಡುಗೆಮನೆಯ ಬಾಗಿಲಲ್ಲಿ ಹೆಂಡತಿ ಬಾಯಿಗೆ ಸೆರಗು ಹಿಡಿದು ನಿಂತಿದ್ದಳು. ಅಕ್ಕ ಅಳಲಿಲ್ಲ. ಬೀದಿಯ ಕಡೆ ತಿರುಗಿದಳು. ಯಾರೋ ಹಾದುಹೋಗುತ್ತ, "ಅಂಗಡಿ ಯಾವಾಗ ತೆಗೀತೀಯಕ್ಕಾ?" ಎಂದು ಕೂಗಿದರು, ಅವಳು ಕೈಯೆತ್ತಿ ಬರುತ್ತೀನಿ ಎಂಬಂತೆ ಆಡಿಸಿದಳು. ಆಮೇಲೆ ಅದೇ ಕೈಯಿಂದ ಗೋಡೆ ತೋರಿಸಿದಳು. ಊದ್.

ತೆಗೆದು ತಂದ. ಕೂರಲು ಕುರ್ಚಿ ಎಳೆಯಹೋದರೆ ಅಕ್ಕ ಬೇಡ ಎಂದು ನೆಲ ತೋರಿಸಿದಳು. ತಲೆ ನರೆತ, ಮಂಡಿ ಹಿಡಿದ ಮನುಷ್ಯ ಮೇಜಿನ ಕಾಲು ಹಿಡಿದುಕೊಂಡು ಕೆಳಗೆ ಕೂತ. ತಂತಿ ಬಿಗಿದು, ಲಾಲಿ ಶುರುಮಾಡಿದ. ಮೂರನೆಯ ಸ್ವರಕ್ಕೆ ಬೆರಳು ಹೋಯಿತು. ಎಲ್ಲಿಗೆ ಹೋಗುವುದು ರೂಢಿಯೋ ಅಲ್ಲಿಗೆ.

ಟಪ್ಪನೆ ಗೆಣ್ಣಿಗೆ ನೀರಹನಿ ಬಿತ್ತು. ಮಾತ್ರೆ ನುಂಗಲು ಕೊಟ್ಟಿದ್ದ ಲೋಟದಲ್ಲಿ ಬೆರಳದ್ದಿದ್ದಳು.

ಮತ್ತೆ ನುಡಿಸಿದ. ಕೆಳಗೆ ಹೋಯಿತು. ಹನಿ. ಮತ್ತೆ. ಮೇಲೆ. ಹನಿ. ಅಕ್ಕ ಕುರ್ಚಿಯಿಂದ ಬಗ್ಗಿದಳು. ತೂತಿನಿಂದ ಬರುವ ಬಿಸಿ ಉಸಿರು ಅವನ ಹಣೆಗೆ ತಾಗಿತು. ಅವನ ಬೆರಳನ್ನು ತನ್ನ ಬೆರಳಿಂದ ಒತ್ತಿ, ಎಳ್ಳಷ್ಟು ಹಿಂದೆ ಎಳೆದಳು. ಮೀಟಿದ. ಅಲ್ಲಿತ್ತು! ಹೊಸ್ತಿಲಲ್ಲಿ, ನಗದೆ, ಅಳದೆ, ಒಳಗೆ ಬರಲೇ ಎಂದು ಕೇಳುತ್ತ. ಅಕ್ಕ ಬೆರಳು ತೆಗೆದಳು. ಮೀಟಿದ. ಇರಲಿಲ್ಲ. ಅವಳು ತೆಗೆದ ಕ್ಷಣದಲ್ಲೇ ಬೆರಳು ತನ್ನ ಹಳೇ ಜಾಗಕ್ಕೆ ಜಾರಿತ್ತು. ಅವನು ಜಾರಿಸಿರಲಿಲ್ಲ. ಅದೇ ಜಾರಿತ್ತು. ಯಂತ್ರ ಥಿಯೇಟರಿನಲ್ಲಿದೆ ಎಂದುಕೊಂಡಿದ್ದನಲ್ಲ, ಅದು ಕೈಯೊಳಗೆ ಬಂದು ಕೂತು ಎಷ್ಟು ಕಾಲವಾಯಿತೋ.

ಮತ್ತೆ ಒತ್ತಿದಳು. ಇತ್ತು. ಬಿಟ್ಟಳು. ಹೋಯಿತು. ಮತ್ತೆ. ಮತ್ತೆ.

"ಸಾಕು ಬಿಡ್ರೀ, ಅವರು ದಣಿದಿದಾರೆ," ಎಂದಳು ಹೆಂಡತಿ.

ಅವನ ಬೆರಳಿನ ಮೇಲಿಂದ ಎದ್ದು ಹೋಗಲಿದ್ದ ಅಕ್ಕನ ಕೈಯನ್ನು ಅವನು ಇನ್ನೊಂದು ಕೈಯಿಂದ ಹಿಡಿದುಕೊಂಡ.

"ಬಿಡಬೇಡ ಅಕ್ಕ."

ಅವಳು ಬಿಡಲಿಲ್ಲ. ಕುರ್ಚಿಯಲ್ಲಿ ಓರೆಯಾಗಿ, ತಲೆಯನ್ನು ಮೇಜಿನ ಕಂಬಳಿಗೆ ಆನಿಸಿ, ಕೈಯನ್ನು ಹಾಗೇ ಕೆಳಗೆ ಇಳಿಬಿಟ್ಟಳು. ಆಸ್ಪತ್ರೆಯ ಮಾತ್ರೆಗಳು ಅವಳನ್ನು ನಿದ್ದೆಗೆ ಎಳೆದುಕೊಂಡು ಹೋಗುತ್ತಿದ್ದವು. ತೂತಿನ ಸಿಳ್ಳೆ ನಿಧಾನವಾಯಿತು. ಅವನ ಬೆರಳಿನ ಮೇಲಿದ್ದ ಭಾರ ಸ್ವಲ್ಪ ಸ್ವಲ್ಪವಾಗಿ ಸಡಿಲವಾಗುತ್ತ ಬಂತು.

ಅವನು ಬೆರಳು ಕದಲಿಸಲಿಲ್ಲ. ಮಂಡಿ ಜೋಮು ಹಿಡಿಯಿತು, ಕುತ್ತಿಗೆ ನೋಯಿತು. ಬೆರಳು ಇನ್ನೂ ಅಲ್ಲೇ ಇದೆಯೋ, ಜಾರಿಹೋಗಿದೆಯೋ, ಕಣ್ಣಿಗೆ ಕಾಣುವಷ್ಟು ದೊಡ್ಡ ಅಂತರವಲ್ಲ ಅದು. ತಿಳಿಯಬೇಕೆಂದರೆ ತಂತಿ ಮೀಟಬೇಕು.

ಮೀಟಲಿಲ್ಲ.